ಅಳಿಸುವುದು ಮೂರು ಬಟನ್‌ಗಳ ಕೆಲಸ, ಅದಕ್ಕೂ ಮೊದಲು ಒಂದು ಮೊಟ್ಟೆ

ಪ್ರಶ್ನೆ: ಹದಿನೈದು ವರ್ಷದ ಹಿಂದೆ ನಾನು ಆಡುತ್ತಿದ್ದ ನಿಂಟೆಂಡೊ ಡಿಎಸ್ ಎಂಬ ಕೈಯಲ್ಲಿ ಹಿಡಿದು ಆಡುವ ಯಂತ್ರ ಮತ್ತು ಅದರ ಪೋಕೆಮಾನ್ ಪ್ಲಾಟಿನಂ ಆಟದ ಕಾರ್ಟ್ರಿಡ್ಜ್ ಮೊನ್ನೆ ಹಳೆಯ ಪೆಟ್ಟಿಗೆಯಲ್ಲಿ ಸಿಕ್ಕಿದವು. ಚಾರ್ಜ್ ಮಾಡಿ ನೋಡಿದರೆ ಎರಡೂ ಚೆನ್ನಾಗಿವೆ. ನನ್ನ ಒಂಬತ್ತು ವರ್ಷದ ಮಗಳು ಮೊದಲಿನಿಂದ ಆಡಬೇಕು ಎಂದು ಹಟ ಹಿಡಿದಿದ್ದಾಳೆ. ನ್ಯೂ ಗೇಮ್ ಒತ್ತಿ ಎರಡು ಗಂಟೆ ಆಡಿದಳು. ಸೇವ್ ಮಾಡಲು ಹೋದರೆ, ಬೇರೆ ಸೇವ್ ಇದೆ, ಆಗುವುದಿಲ್ಲ ಎಂದಿತು. ಆಡಿದ್ದೆಲ್ಲ ಹೋಗಿ ಅತ್ತುಬಿಟ್ಟಳು. ಮೆನುವಿನಲ್ಲಿ ಅಳಿಸುವ ಆಯ್ಕೆ ಎಲ್ಲೂ ಕಾಣಲಿಲ್ಲ. ಹೇಗೆ ಅಳಿಸುವುದು? ನನ್ನ ಹಳೆಯ ತಂಡವನ್ನು, ಅದರಲ್ಲೂ ಮೊದಲ ದಿನ ಆರಿಸಿಕೊಂಡ ಟರ್ಟ್ವಿಗ್ ಎಂಬ ಪೋಕೆಮಾನ್ ಅನ್ನು (ಬೆಳೆದು ಈಗ ಅದು ಟೊರ್ಟೆರಾ ಆಗಿದೆ) ಉಳಿಸಿಕೊಳ್ಳಲು ದಾರಿ ಇದೆಯೇ?

ಉತ್ತರ: ಎರಡೂ ಸಾಧ್ಯ. ಆದರೆ ಕ್ರಮ ಮುಖ್ಯ. ಅಳಿಸುವ ವಿಧಾನವನ್ನು ಮೊದಲು ಹೇಳಿಬಿಡುತ್ತೇನೆ, ನೀವು ಕೇಳಿದ್ದು ಅದನ್ನೇ. ದಯವಿಟ್ಟು ಪೂರ್ತಿ ಓದುವವರೆಗೆ ಯಂತ್ರವನ್ನು ಕೈಗೆ ತೆಗೆದುಕೊಳ್ಳಬೇಡಿ. ಮಗಳನ್ನು ಒಂದೆರಡು ದಿನ ಸಮಾಧಾನ ಮಾಡಿ. ಈ ಸೇವ್ ಒಮ್ಮೆ ಹೋದರೆ ಅದನ್ನು ಮರಳಿ ತರುವ ಉಪಾಯ ಯಾರ ಬಳಿಯೂ ಇಲ್ಲ.

ಪ್ಲಾಟಿನಂ ಆನ್ ಮಾಡಿ, ಆರಂಭದ ದೃಶ್ಯಗಳನ್ನು ದಾಟಿ ಟೈಟಲ್ ಸ್ಕ್ರೀನ್‌ಗೆ ಬನ್ನಿ. ಗಿರಟಿನಾ ಎಂಬ ಪೋಕೆಮಾನ್ ಕಾಣಿಸಿಕೊಂಡು, ಸ್ಟಾರ್ಟ್ ಒತ್ತಿ ಎಂಬ ಅಕ್ಷರ ಮಿನುಗುವ ಪರದೆ ಅದು. ಅಲ್ಲಿ ಸ್ಟಾರ್ಟ್ ಒತ್ತಬಾರದು. ಬದಲಿಗೆ ಪ್ಲಸ್ ಆಕಾರದ ಬಟನ್ನಿನ ಮೇಲ್ಭಾಗ, ಸೆಲೆಕ್ಟ್ ಮತ್ತು ಬಿ, ಈ ಮೂರನ್ನೂ ಒಟ್ಟಿಗೆ ಒತ್ತಿ ಹಿಡಿಯಬೇಕು. ಯಂತ್ರವನ್ನು ಮೇಜಿನ ಮೇಲಿಟ್ಟು ಎರಡೂ ಕೈ ಬಳಸಿ. ಅಂಗೈಯಲ್ಲಿ ಹಿಡಿದುಕೊಂಡು ಮೂರನ್ನೂ ಒಟ್ಟಿಗೆ ಒತ್ತುವುದು ದೊಡ್ಡವರಿಗೂ ಕಷ್ಟ. ಸರಿಯಾಗಿ ಒತ್ತಿದ್ದರೆ ಪರದೆ ಬದಲಾಗಿ, ಉಳಿಸಿದ್ದೆಲ್ಲವನ್ನೂ ಅಳಿಸಬೇಕೇ ಎಂದು ಕೇಳುತ್ತದೆ. ಹೌದು ಎಂದರೆ, ಅಳಿಸಿದ ಮೇಲೆ ಮರಳಿ ಪಡೆಯಲು ಆಗುವುದಿಲ್ಲ, ಖಚಿತವೇ ಎಂದು ಇನ್ನೊಮ್ಮೆ ಕೇಳುತ್ತದೆ. ಅದಕ್ಕೂ ಹೌದು ಎಂದರೆ ಕೆಲಸ ಶುರು. ಅದು ಮುಗಿಯುವವರೆಗೆ ಪವರ್ ಬಟನ್ ಮುಟ್ಟಬೇಡಿ, ಕಾರ್ಟ್ರಿಡ್ಜ್ ಅಲುಗಾಡಿಸಬೇಡಿ. ಬ್ಯಾಟರಿ ತುಂಬ ಇರಲಿ. ಆಮೇಲೆ ಆಟ ತಾನಾಗಿ ಮೊದಲಿನಿಂದ ತೆರೆದುಕೊಳ್ಳುತ್ತದೆ. ಈ ಸಲ ಮೆನುವಿನಲ್ಲಿ ಕಂಟಿನ್ಯೂ ಇರುವುದಿಲ್ಲ.

ಬೆರಳು ತಪ್ಪಿ ಮೆನುವಿನ ಒಳಗೆ ಹೋಗಿಬಿಟ್ಟರೆ ಗಾಬರಿ ಬೇಡ. ಆಫ್ ಮಾಡಿ ಮತ್ತೆ ಬನ್ನಿ. ಎಲ್, ಆರ್, ಸ್ಟಾರ್ಟ್, ಸೆಲೆಕ್ಟ್ ನಾಲ್ಕನ್ನೂ ಒಟ್ಟಿಗೆ ಒತ್ತಿದರೂ ಆಟ ಟೈಟಲ್ ಸ್ಕ್ರೀನ್‌ಗೆ ಮರಳುತ್ತದೆ. ಇದನ್ನು ಸಾಫ್ಟ್ ರೀಸೆಟ್ ಅನ್ನುತ್ತಾರೆ. ರೀಸೆಟ್ ಎಂಬ ಹೆಸರಿನಿಂದ ಎಷ್ಟೋ ಜನ ಇದನ್ನೇ ಅಳಿಸುವ ವಿಧಾನ ಎಂದುಕೊಂಡಿದ್ದಾರೆ, ಅದು ತಪ್ಪು. ಇದರಿಂದ ಕೊನೆಯ ಸೇವ್‌ಗೆ ಏನೂ ಆಗುವುದಿಲ್ಲ, ಅಲ್ಲಿಂದ ಈಚೆಗೆ ಆಡಿದ್ದು ಮಾತ್ರ ಹೋಗುತ್ತದೆ.

ಇಂಥ ದೊಡ್ಡ ಕೆಲಸವನ್ನು ಮೆನುವಿನಲ್ಲಿ ಇಡದೆ ಹೀಗೆ ಮೂರು ಬಟನ್‌ಗಳ ಹಿಂದೆ ಯಾಕೆ ಬಚ್ಚಿಟ್ಟರು ಎಂದು ನಿಮಗೆ ಸಿಟ್ಟು ಬಂದಿರಬಹುದು. ನನಗೆ ಬರುವುದಿಲ್ಲ. ಚಿಕ್ಕವನಿದ್ದಾಗ ನನ್ನ ಹತ್ತಿರ ನಿಂಟೆಂಡೊದ ಹಳೆಯ ಯಂತ್ರ ಗೇಮ್ ಬಾಯ್‌ನ ಪೋಕೆಮಾನ್ ರೆಡ್ ಇತ್ತು. ಆ ಆಟದಲ್ಲಿ ಅಳಿಸುವ ಬಟನ್‌ಗಳೇ ಬೇಕಿರಲಿಲ್ಲ. ನ್ಯೂ ಗೇಮ್ ಶುರು ಮಾಡಿ ಸೇವ್ ಒತ್ತಿದರೆ, ಹಳೆಯ ಫೈಲ್ ಅಳಿಸಿಹೋಗುತ್ತದೆ, ಪರವಾಗಿಲ್ಲವೇ ಎಂದು ಒಂದು ಸಾಲು ಕೇಳುತ್ತಿತ್ತು. ಬಾಣದ ಗುರುತು ಹೌದು ಎಂಬುದರ ಮೇಲೇ ನಿಂತಿರುತ್ತಿತ್ತು. ನನ್ನ ತಮ್ಮನಿಗೆ ಆಗ ಇಂಗ್ಲಿಷ್ ಓದಲು ಬರುತ್ತಿರಲಿಲ್ಲ. ಪರದೆಯಲ್ಲಿ ಏನಾದರೂ ಮೂಡಿದರೆ ಎ ಒತ್ತಬೇಕು ಎಂಬುದಷ್ಟೇ ಅವನಿಗೆ ಗೊತ್ತಿದ್ದದ್ದು. ಒಂದು ಮಧ್ಯಾಹ್ನ ನಾನು ಶಾಲೆಯಿಂದ ಬಂದಾಗ ಅವನು ಖುಷಿಯಿಂದ, ಅಣ್ಣ ನೋಡು, ನಾನೂ ಒಂದು ತಗೊಂಡೆ ಎಂದು ಐದನೇ ಲೆವೆಲ್ಲಿನ ಸ್ಕ್ವರ್ಟಲ್ ತೋರಿಸಿದ. ನನ್ನ ಎಪ್ಪತ್ತೆಂಟನೇ ಲೆವೆಲ್ಲಿನ ಚಾರಿಜಾರ್ಡ್ ಇದ್ದ ಜಾಗ ಅದು. ಅವನ ಮೇಲೆ ರೇಗಲು ಬಾಯಿ ಬರಲಿಲ್ಲ, ಅಷ್ಟು ಸಂತೋಷದಲ್ಲಿದ್ದ. ಆ ರಾತ್ರಿ ಮುಸುಕೆಳೆದುಕೊಂಡು ನಾನು ಅತ್ತದ್ದು ಅವನಿಗೆ ಇವತ್ತಿಗೂ ಗೊತ್ತಿಲ್ಲ.

ಹಾಗಾಗಿ ನಿಮ್ಮ ಪ್ಲಾಟಿನಂ, ಇನ್ನೊಬ್ಬರ ಸೇವ್ ಇದೆ, ಅದರ ಮೇಲೆ ಬರೆಯುವುದಿಲ್ಲ ಎಂದು ಮಗಳಿಗೆ ಅಡ್ಡ ನಿಂತಿತಲ್ಲ, ಅದು ನಿಮ್ಮ ಪರವಾಗಿ ನಿಂತದ್ದು. ಡಿಎಸ್ ಕಾಲದಿಂದ ಈ ಕಟ್ಟುನಿಟ್ಟು ಬಂತು. ಅವಳ ಎರಡು ಗಂಟೆ ಹೋಯಿತು ನಿಜ. ಹೋಗದಿದ್ದರೆ ನಿಮ್ಮ ಟೊರ್ಟೆರಾ ಆವತ್ತೇ ಹೋಗಿರುತ್ತಿತ್ತು, ನೀವು ಈ ಪ್ರಶ್ನೆ ಕೇಳುವ ಹೊತ್ತಿಗೆ ಉಳಿಸಲು ಏನೂ ಇರುತ್ತಿರಲಿಲ್ಲ.

ಇಬ್ಬರಿಗೂ ಒಂದೊಂದು ಸೇವ್ ಇಡಲು ಜಾಗ ಕೊಡಬಾರದಿತ್ತೇ ಎಂಬ ಪ್ರಶ್ನೆ ಸಹಜ. ಕಾರಣ ಮೊದಲ ಆಟದಿಂದಲೇ ಬಂದದ್ದು. 1996ರಲ್ಲಿ ಜಪಾನಿನಲ್ಲಿ ಬಂದ ಮೊದಲ ಪೋಕೆಮಾನ್ ಆಟಗಳು ಸೇವ್ ಇಡುತ್ತಿದ್ದದ್ದು ಕಾರ್ಟ್ರಿಡ್ಜ್ ಒಳಗಿನ 32 ಕಿಲೋಬೈಟ್ ಮೆಮೊರಿಯಲ್ಲಿ. ತಲಾ 30 ಪೋಕೆಮಾನ್ ಹಿಡಿಯುವ 8 ಬಾಕ್ಸ್, ಆಟಗಾರನ ಹೆಸರು, ಚೀಲ, ಜಿಮ್‌ಗಳಲ್ಲಿ ಗೆದ್ದ ಬ್ಯಾಡ್ಜ್, ಕೊನೆಗೆ ಚಾಂಪಿಯನ್ ಆದ ದಾಖಲೆ (ಹಾಲ್ ಆಫ್ ಫೇಮ್), ಎಲ್ಲವೂ ಅದರಲ್ಲೇ. ಇನ್ನೊಬ್ಬನಿಗೆ ಜಾಗ ಎಲ್ಲಿಂದ ಬರಬೇಕು? ಗೇಮ್ ಬಾಯ್ ಅಡ್ವಾನ್ಸ್ ಕಾಲಕ್ಕೆ ಮೆಮೊರಿ 128 ಕಿಲೋಬೈಟ್ ಆಯಿತು. ಆದರೆ 14 ಬಾಕ್ಸ್‌ಗಳಲ್ಲಿ 420 ಪೋಕೆಮಾನ್, ಒಂದೊಂದಕ್ಕೆ 80 ಬೈಟ್. ಬಾಕ್ಸ್‌ಗಳೇ 33,600 ಬೈಟ್ ನುಂಗುತ್ತವೆ, ಅಂದರೆ ಮೊದಲ ಆಟದ ಇಡೀ ಸೇವ್ ಮೆಮೊರಿಗಿಂತ ಹೆಚ್ಚು. ಮಿಕ್ಕ ಜಾಗವನ್ನು ಅವರು ಎರಡನೇ ಆಟಗಾರನಿಗೆ ಕೊಡಲಿಲ್ಲ, ಸುರಕ್ಷತೆಗೆ ಕೊಟ್ಟರು. ಒಂದೇ ಸೇವ್‌ನ ಎರಡು ಪ್ರತಿ. ಈ ಸಲ ಒಂದರ ಮೇಲೆ, ಮುಂದಿನ ಸಲ ಇನ್ನೊಂದರ ಮೇಲೆ ಬರೆಯುತ್ತದೆ. ಬರೆಯುವಾಗ ಕರೆಂಟ್ ಹೋಗಿ ಒಂದು ಕೆಟ್ಟರೂ ಹಿಂದಿನದು ಉಳಿದಿರುತ್ತದೆ. ನಿಮ್ಮ ಪ್ಲಾಟಿನಂನಲ್ಲೂ ಹೀಗೇ, 512 ಕಿಲೋಬೈಟ್ ಅನ್ನು ಅರ್ಧರ್ಧ ಹಂಚಿದ್ದಾರೆ. ನನ್ನ ಮಟ್ಟಿಗೆ ಇದು ಸರಿಯಾದ ತೀರ್ಮಾನ. ಆದರೆ ಒಂದು ಮಾತು ನೆನಪಿರಲಿ: ಮೂರು ಬಟನ್ ಒತ್ತಿ ಅಳಿಸಿದಾಗ ಹೋಗುವುದು ಎರಡೂ ಪ್ರತಿಗಳು. ಹಿಂದಿನದು ಎಲ್ಲೋ ಇರುತ್ತದೆ ಎಂಬ ಭರವಸೆ ಬೇಡ.

ಇಷ್ಟು ವರ್ಷ ಪೆಟ್ಟಿಗೆಯಲ್ಲಿದ್ದರೂ ನಿಮ್ಮ ಸೇವ್ ಉಳಿದದ್ದಕ್ಕೂ ಇಲ್ಲೇ ಉತ್ತರ ಇದೆ. ಡಿಎಸ್ ಕಾರ್ಟ್ರಿಡ್ಜ್‌ನಲ್ಲಿ ಸೇವ್ ಇರುವುದು ಫ್ಲ್ಯಾಶ್ ಮೆಮೊರಿಯಲ್ಲಿ, ಅದಕ್ಕೆ ಬ್ಯಾಟರಿ ಬೇಡ. ಗೇಮ್ ಬಾಯ್ ಕಾಲದ ರೆಡ್, ಬ್ಲೂ, ಯೆಲ್ಲೊ, ಗೋಲ್ಡ್, ಸಿಲ್ವರ್, ಕ್ರಿಸ್ಟಲ್ ಹಾಗಲ್ಲ. ಅವುಗಳ ಒಳಗೆ ನಾಣ್ಯದಷ್ಟಿರುವ ಒಂದು ಬ್ಯಾಟರಿ ಸೇವ್ ಅನ್ನು ಹಿಡಿದುಕೊಂಡಿರುತ್ತದೆ. ಅದು ಬರಿದಾದ ದಿನ ಯಾರೂ ಏನೂ ಒತ್ತದೆಯೇ ಎಲ್ಲ ಹೋಗುತ್ತದೆ. ಗೋಲ್ಡ್, ಸಿಲ್ವರ್, ಕ್ರಿಸ್ಟಲ್‌ಗಳಲ್ಲಿ ಅದೇ ಬ್ಯಾಟರಿ ಗಡಿಯಾರವನ್ನೂ ಓಡಿಸಬೇಕು, ಹಾಗಾಗಿ ಬೇಗ ಸಾಯುತ್ತದೆ. ಬ್ಯಾಟರಿ ಬದಲಿಸಲು ಹಳೆಯದನ್ನು ಬಿಚ್ಚಿದರೂ ಸೇವ್ ಹೋಗುತ್ತದೆ. ಇಂಥ ಕಾರ್ಟ್ರಿಡ್ಜ್ ಇನ್ನೂ ಬದುಕಿದ್ದರೆ, ಅಳಿಸುವ ಯೋಚನೆ ಇರಲಿ ಬಿಡಲಿ, ಒಳಗಿರುವುದನ್ನು ಹೊರಗೆ ತೆಗೆಯುವ ಕೆಲಸ ಇವತ್ತೇ ಆಗಬೇಕು. ರೂಬಿ, ಸಫಾಯರ್, ಎಮರಾಲ್ಡ್ ಇರುವವರು ಮಾತ್ರ ಒಳಗಿನ ಬ್ಯಾಟರಿ ಮುಗಿದಿದೆ ಎಂಬ ಸಂದೇಶ ಕಂಡು ಹೆದರಬೇಕಿಲ್ಲ. ಅಲ್ಲಿ ನಿಲ್ಲುವುದು ಗಡಿಯಾರ, ಸೇವ್ ಅಲ್ಲ.

ಬೇರೆ ಆಟ ಇರುವವರೂ ಇದನ್ನು ಓದುತ್ತಿರಬಹುದು, ಅವರಿಗಾಗಿ ಒಂದೆರಡು ಮಾತು. ಗೇಮ್ ಬಾಯ್‌ನ ಮೊದಲ ಆಟಗಳಿಂದ ಹಿಡಿದು ಡಿಎಸ್‌ನ ಬ್ಲ್ಯಾಕ್ 2, ವೈಟ್ 2 ತನಕ ಇದೇ ಮೂರು ಬಟನ್: ಮೇಲೆ, ಸೆಲೆಕ್ಟ್, ಬಿ. ಡಿಎಸ್ ನಂತರದ ಯಂತ್ರ 3ಡಿಎಸ್‌ಗೆಂದು ಬಂದ ಎಕ್ಸ್, ವೈ, ಒಮೆಗಾ ರೂಬಿ, ಆಲ್ಫಾ ಸಫಾಯರ್, ಸನ್, ಮೂನ್ ಮತ್ತು ಅವುಗಳ ಅಲ್ಟ್ರಾ ಆವೃತ್ತಿಗಳಲ್ಲಿ ಸೆಲೆಕ್ಟ್ ಬದಲು ಎಕ್ಸ್: ಮೇಲೆ, ಎಕ್ಸ್, ಬಿ. ಯಾವ ಬಟನ್ ಎಂದು ತೀರ್ಮಾನಿಸುವುದು ಆಟ, ಯಂತ್ರ ಅಲ್ಲ. ನಿಮ್ಮ ಪ್ಲಾಟಿನಂ ಅನ್ನು 3ಡಿಎಸ್‌ಗೆ ಹಾಕಿದರೂ ಸೆಲೆಕ್ಟ್ ಅನ್ನೇ ಒತ್ತಬೇಕು. ಗೋಲ್ಡ್, ಸಿಲ್ವರ್‌ನಲ್ಲಿ ಮೇಲಿನ ಬದಲು ಕೆಳಗೆ ಒತ್ತಿದರೆ ಗಡಿಯಾರ ತಿದ್ದುವ ಪರದೆ ಬಂದು ಪಾಸ್‌ವರ್ಡ್ ಕೇಳುತ್ತದೆ. ಅದು ಬಂದರೆ ಹಿಂದೆ ಬನ್ನಿ, ಬೆರಳು ಜಾರಿದೆ ಅಷ್ಟೆ.

ಅದಕ್ಕೂ ಈಚಿನ ಯಂತ್ರ ಸ್ವಿಚ್‌ನಲ್ಲಿ ಆಡುವವರು ಇಲ್ಲಿ ತುಂಬ ಎಚ್ಚರವಾಗಿರಬೇಕು. ಅಲ್ಲಿ ಸೋರ್ಡ್, ಶೀಲ್ಡ್, ಸ್ಕಾರ್ಲೆಟ್, ವಯಲೆಟ್ ಆಟಗಳ ಟೈಟಲ್ ಸ್ಕ್ರೀನ್‌ನಲ್ಲಿ ಮೇಲೆ, ಎಕ್ಸ್, ಬಿ ಒತ್ತಿದರೆ ಅಳಿಸುವುದಿಲ್ಲ, ಬ್ಯಾಕಪ್ ಸೇವ್‌ನಿಂದ ಆಟ ತೆರೆಯುವ ಅವಕಾಶ ಬರುತ್ತದೆ. 3ಡಿಎಸ್‌ನಲ್ಲಿ ಕೊಲ್ಲುವ ಬಟನ್‌ಗಳೇ ಸ್ವಿಚ್‌ನಲ್ಲಿ ಬದುಕಿಸುತ್ತವೆ. ಸ್ವಿಚ್‌ನಲ್ಲಿ ಕಲಿತ ಅಭ್ಯಾಸದಿಂದ 3ಡಿಎಸ್‌ನಲ್ಲಿ ಸೇವ್ ಉಳಿಸಲು ಹೋಗಿ ಕಳೆದುಕೊಳ್ಳುವ ಅಪಾಯ ನಿಜವಾಗಿಯೂ ಇದೆ. ಸ್ವಿಚ್‌ನಲ್ಲಿ ಅಳಿಸಬೇಕಾದರೆ ಸಿಸ್ಟಮ್ ಸೆಟ್ಟಿಂಗ್ಸ್‌ನ ಡೇಟಾ ಮ್ಯಾನೇಜ್‌ಮೆಂಟ್ ಒಳಗೆ ಹೋಗಬೇಕು. ಆದರೆ ಅಲ್ಲಿ ಅಳಿಸುವ ಅಗತ್ಯವೇ ಸಾಮಾನ್ಯವಾಗಿ ಬರುವುದಿಲ್ಲ. ಸೇವ್ ಇರುವುದು ಯಂತ್ರದ ಒಳಗೆ, ಬಳಕೆದಾರರಿಗೆ ಒಂದೊಂದರಂತೆ. ಮಗುವಿನ ಹೆಸರಲ್ಲಿ ಹೊಸ ಪ್ರೊಫೈಲ್ ಮಾಡಿಕೊಟ್ಟರೆ ಅವಳ ಆಟ ಅವಳದು, ನಿಮ್ಮದು ನಿಮ್ಮದು. ನಿಮ್ಮ ಡಿಎಸ್‌ಗೆ ಈ ಭಾಗ್ಯ ಇಲ್ಲ. ಅದರಲ್ಲಿ ಸೇವ್ ಕಾರ್ಟ್ರಿಡ್ಜ್ ಜೊತೆಗೇ ಇರುತ್ತದೆ. ಇನ್ನೊಂದು ಪ್ಲಾಟಿನಂ ಕಾರ್ಟ್ರಿಡ್ಜ್ ಸಿಗುವಂತಿದ್ದರೆ ಅದಕ್ಕಿಂತ ಒಳ್ಳೆಯ ಉಪಾಯ ಬೇರೆ ಇಲ್ಲ, ಏನನ್ನೂ ಅಳಿಸಬೇಕಿಲ್ಲ. ಸಿಗದಿದ್ದರೆ ಮುಂದೆ ಓದಿ.

ಅಳಿಸುವ ಮೊದಲು ಹಳೆಯ ಸೇವ್ ಒಳಗೆ ಒಮ್ಮೆ ಸುಮ್ಮನೆ ಓಡಾಡಿ. ಟ್ರೇನರ್ ಕಾರ್ಡ್ (ಆಟದೊಳಗಿನ ನಿಮ್ಮ ಗುರುತಿನ ಚೀಟಿ) ತೆರೆದು ಎರಡೂ ಬದಿ ನೋಡಿ, ನೀವು ಆಟ ಶುರು ಮಾಡಿದ ದಿನಾಂಕ ಅಲ್ಲಿದೆ, ಮೊದಲ ಸಲ ಹಾಲ್ ಆಫ್ ಫೇಮ್ ಸೇರಿದ ದಿನವೂ ಇದೆ. ತಂಡದ ಒಂದೊಂದರ ಮಾಹಿತಿ ಪುಟದಲ್ಲೂ ಅದು ಯಾವತ್ತು, ಎಲ್ಲಿ, ಎಷ್ಟನೇ ಲೆವೆಲ್ಲಿನಲ್ಲಿ ನಿಮಗೆ ಸಿಕ್ಕಿತು ಎಂದು ಬರೆದಿರುತ್ತದೆ. ಇವುಗಳ ಫೋಟೊ ತೆಗೆದಿಟ್ಟುಕೊಳ್ಳಿ, ಮೊಬೈಲ್ ಸಾಕು. ಯಾಕೆಂದರೆ ಕಾರ್ಡ್, ಆಡಿದ ಗಂಟೆಗಳ ಲೆಕ್ಕ, ಬ್ಯಾಡ್ಜ್‌ಗಳು, ಬ್ಯಾಟಲ್ ಫ್ರಾಂಟಿಯರ್ ದಾಖಲೆ, ನೆಲಮಾಳಿಗೆಯಲ್ಲಿ ಕಟ್ಟಿದ ಸೀಕ್ರೆಟ್ ಬೇಸ್, ಇವು ಯಾವುವೂ ಇನ್ನೊಂದು ಕಾರ್ಟ್ರಿಡ್ಜ್‌ಗೆ ಹೋಗುವುದಿಲ್ಲ. ಪೋಕೆಮಾನ್‌ಗಳು ಮಾತ್ರ ಹೋಗುತ್ತವೆ, ಜೊತೆಗೆ ಅವು ಹಿಡಿದುಕೊಂಡಿರುವ ಒಂದೊಂದು ವಸ್ತು. ಬಾಕ್ಸ್‌ಗಳನ್ನೆಲ್ಲ ಕಡೆಯವರೆಗೆ ತಿರುವಿ ನೋಡಿ. ಡಾರ್ಕ್ರೈ, ಶೇಮಿನ್, ಆರ್ಸಿಯಸ್‌ನಂಥವು ಕಂಡರೆ ಅವುಗಳನ್ನೇ ಮೊದಲು ಹೊರಗೆ ತೆಗೆಯಬೇಕು. ವಿಶೇಷ ಹಂಚಿಕೆಯಲ್ಲಿ ಬಂದವು ಅವು, ಆ ಕಾಲದ ಆನ್‌ಲೈನ್ ಸೇವೆ 2014ರ ಮೇ 20ಕ್ಕೆ ನಿಂತುಹೋಗಿದೆ. ಮಗಳು ಎಷ್ಟೇ ಚೆನ್ನಾಗಿ ಆಡಿದರೂ ಹೊಸ ಆಟದಲ್ಲಿ ಅವು ಆ ದಾರಿಯಲ್ಲಿ ಮತ್ತೆ ಬರುವುದಿಲ್ಲ.

ಹೊರಗೆ ತೆಗೆಯಲು ಮೂರು ದಾರಿ. ಸುಲಭದ್ದು ಗೆಳೆಯರ ಆಟ. ಡೈಮಂಡ್, ಪರ್ಲ್, ಪ್ಲಾಟಿನಂ, ಹಾರ್ಟ್‌ಗೋಲ್ಡ್, ಸೋಲ್‌ಸಿಲ್ವರ್, ಈ ಐದರಲ್ಲಿ ಯಾವುದಿದ್ದರೂ ನಡೆಯುತ್ತದೆ. ಎರಡು ಯಂತ್ರ ಬೇಕು, ಡಿಎಸ್ ಆಗಲಿ 3ಡಿಎಸ್ ಆಗಲಿ. ಅಕ್ಕಪಕ್ಕ ಕುಳಿತು ವೈರ್‌ಲೆಸ್‌ನಲ್ಲಿ ಟ್ರೇಡ್ ಮಾಡುವುದಕ್ಕೆ ಇಂಟರ್ನೆಟ್ ಬೇಡ. ನೀವು ಒಂದು ಕೊಟ್ಟರೆ ಅವರೂ ಒಂದು ಕೊಡಬೇಕು, ಹಾಗಾಗಿ ಹುಲ್ಲಿನಲ್ಲಿ ಸಿಗುವ ಸಣ್ಣಪುಟ್ಟವನ್ನು ಮೊದಲೇ ಹಿಡಿದಿಡಲು ಅವರಿಗೆ ಹೇಳಿ. ಇನ್ನೊಂದು ಎಚ್ಚರ: ಹಾಂಟರ್, ಕಡಾಬ್ರಾ, ಮಚೋಕ್, ಗ್ರಾವೆಲರ್ ಇವು ಟ್ರೇಡ್ ಆದ ಕೂಡಲೇ ರೂಪ ಬದಲಿಸುತ್ತವೆ. ಇದ್ದ ಹಾಗೇ ಇರಲಿ ಎಂದರೆ ಎವರ್‌ಸ್ಟೋನ್ ಎಂಬ ಕಲ್ಲು ಹಿಡಿಸಿ ಕಳಿಸಿ. ಕಡಾಬ್ರಾ ಮಾತ್ರ ಈ ಆಟಗಳಲ್ಲಿ ಅದಕ್ಕೂ ಬಗ್ಗದೆ ರೂಪ ಬದಲಿಸುತ್ತದೆ.

ಎರಡನೆಯದು ಬ್ಲ್ಯಾಕ್, ವೈಟ್ ಅಥವಾ ಅವುಗಳ ಎರಡನೇ ಭಾಗಕ್ಕೆ ದಾಟಿಸುವುದು. ಆ ಆಟದ ಮುಖ್ಯ ಕಥೆ ಮುಗಿಸಿದವರಿಗೆ ರೂಟ್ 15ರಲ್ಲಿ ಒಂದು ಪ್ರಯೋಗಾಲಯ ತೆರೆದಿರುತ್ತದೆ. ಒಮ್ಮೆಗೆ ಆರು ಹೋಗುತ್ತವೆ. ಈ ದಾರಿಯಲ್ಲಿ ಕೈಯಲ್ಲಿದ್ದ ವಸ್ತು ಜೊತೆಗೆ ಬರುವುದಿಲ್ಲ. ಸರ್ಫ್, ಫ್ಲೈನಂಥ ಎಚ್‌ಎಂ ವಿದ್ಯೆ ಕಲಿತಿರುವ ಪೋಕೆಮಾನ್ ದಾಟುವುದೂ ಇಲ್ಲ. ಮೊದಲು ಕೆನಲೇವ್ ಸಿಟಿಯಲ್ಲಿರುವ ಮೂವ್ ಡಿಲೀಟರ್ ಹತ್ತಿರ ಅದನ್ನು ಮರೆಸಬೇಕು. ಹೋದದ್ದು ಹೋಯಿತು, ಪ್ಲಾಟಿನಂಗೆ ವಾಪಸ್ ಬರುವ ದಾರಿ ಇಲ್ಲ. ಅಲ್ಲಿಂದ ಮುಂದೆ ಆನ್‌ಲೈನ್‌ನಲ್ಲಿ ಪೋಕೆಮಾನ್ ಇಟ್ಟುಕೊಳ್ಳುವ ಸೇವೆಗಳಿವೆ: 3ಡಿಎಸ್‌ನ ಪೋಕೆಮಾನ್ ಬ್ಯಾಂಕ್, ಬ್ಯಾಂಕ್‌ನಿಂದ ಪೋಕೆಮಾನ್ ಹೋಮ್ ತನಕ ಸಾಗಬಹುದು. ಆದರೆ 3ಡಿಎಸ್‌ನ ಇ-ಶಾಪ್ 2023ರ ಮಾರ್ಚ್‌ನಲ್ಲಿ ಮುಚ್ಚಿದೆ. ಅದಕ್ಕೂ ಮುಂಚೆ ಬ್ಯಾಂಕ್ ಹಾಕಿಕೊಂಡವರ ಯಂತ್ರ ಬೇಕಾಗುತ್ತದೆ. ಪರಿಚಯದವರಲ್ಲಿ ಯಾರ ಬಳಿಯಾದರೂ ಇದ್ದರೆ ಕೇಳಿ, ತಡ ಮಾಡಬೇಡಿ. ಇಂಥ ಸೇವೆಗಳು ಒಂದೊಂದಾಗಿ ಮುಚ್ಚುವುದನ್ನು ನೋಡುತ್ತಲೇ ಇದ್ದೇನೆ.

ಮೂರನೆಯದು ಇಡೀ ಸೇವ್ ಅನ್ನು ಕಂಪ್ಯೂಟರ್‌ಗೆ ನಕಲು ಮಾಡಿಕೊಳ್ಳುವುದು. ಕಾರ್ಟ್ರಿಡ್ಜ್ ಸಿಕ್ಕಿಸಿ ಯುಎಸ್‌ಬಿ ಮೂಲಕ ಜೋಡಿಸುವ ರೀಡರ್‌ಗಳಿವೆ. ಅವು 512 ಕಿಲೋಬೈಟ್‌ನ ಒಂದು ಫೈಲ್ ತೆಗೆದುಕೊಡುತ್ತವೆ. ಟ್ರೇನರ್ ಕಾರ್ಡ್‌ನಿಂದ ಸೀಕ್ರೆಟ್ ಬೇಸ್ ತನಕ ಎಲ್ಲವೂ ಅದರಲ್ಲಿರುತ್ತದೆ, ಬೇಕೆಂದಾಗ ಹಾಗೇ ವಾಪಸ್ ಬರೆಯಬಹುದು. ಹಾರ್ಟ್‌ಗೋಲ್ಡ್, ಸೋಲ್‌ಸಿಲ್ವರ್, ಬ್ಲ್ಯಾಕ್, ವೈಟ್ ಕಾರ್ಟ್ರಿಡ್ಜ್‌ಗಳ ಒಳಗೆ ಇನ್‌ಫ್ರಾರೆಡ್ ಚಿಪ್ ಇರುವುದರಿಂದ ಕೆಲವು ರೀಡರ್‌ಗಳಿಗೆ ಅವು ಬಗ್ಗುವುದಿಲ್ಲ. ಪ್ಲಾಟಿನಂನಲ್ಲಿ ಆ ಚಿಪ್ ಇಲ್ಲ. ಹಳೆಯ ಆಟಗಳ ರಿಪೇರಿ ಬಲ್ಲವರಲ್ಲಿ ಇಂಥ ರೀಡರ್ ಸಾಮಾನ್ಯವಾಗಿ ಇರುತ್ತದೆ. ನನ್ನನ್ನು ಕೇಳಿದರೆ ಮೊದಲು ಇದನ್ನು ಮಾಡಿ, ಆಮೇಲೆ ಟ್ರೇಡ್. ನಕಲು ತೆಗೆದ ಮೇಲೆ ಆ ಫೈಲ್ ಅನ್ನು ಎರಡು ಕಡೆ ಇಡಿ.

ಪೋಕೆವಾಕರ್ ಎಂಬ ಸಣ್ಣ ಹೆಜ್ಜೆ ಎಣಿಸುವ ಯಂತ್ರ ಬಂದದ್ದು ಹಾರ್ಟ್‌ಗೋಲ್ಡ್, ಸೋಲ್‌ಸಿಲ್ವರ್ ಜೊತೆಗೆ. ನಿಮಗೆ ಸಂಬಂಧಿಸಿದ್ದಲ್ಲ, ಆದರೆ ಆ ಆಟಗಳನ್ನು ಅಳಿಸುವವರು ಅದರೊಳಗೆ ನಡೆದಾಡಲು ಬಿಟ್ಟ ಪೋಕೆಮಾನ್ ಅನ್ನು ಮೊದಲು ಮನೆಗೆ ಕರೆಸಿಕೊಳ್ಳಲಿ.

ಈಗ ನಿಮ್ಮ ಟೊರ್ಟೆರಾ. ಗೆಳೆಯರ ಆಟದಲ್ಲಿಟ್ಟು, ನಿಮ್ಮದನ್ನು ಅಳಿಸಿ, ಮಗಳು ಶುರು ಮಾಡಿದ ಮೇಲೆ ವಾಪಸ್ ಪಡೆಯಬಹುದು. ಆದರೆ ಅದು ಅವಳನ್ನು ಗುರುತಿಸುವುದಿಲ್ಲ. ಹೊಸ ಆಟ ಶುರುವಾದಾಗಲೆಲ್ಲ ಆಟಗಾರನಿಗೆ 0ಯಿಂದ 65,535ರ ನಡುವೆ ಒಂದು ಟ್ರೇನರ್ ಸಂಖ್ಯೆ ಸಿಗುತ್ತದೆ. ನೀವೇ ಅದೇ ಹೆಸರಿಟ್ಟು ಮತ್ತೆ ಶುರು ಮಾಡಿದರೂ ಸಂಖ್ಯೆ ಬೇರೆ, ನಿಮ್ಮದೇ ಟೊರ್ಟೆರಾಗೆ ನೀವು ಪರಕೀಯರು. ಪರರಿಂದ ಬಂದದ್ದಕ್ಕೆ ಅನುಭವದ ಅಂಕ ಒಂದೂವರೆ ಪಟ್ಟು ಸಿಗುತ್ತದೆ ಎಂಬುದು ಲಾಭ. ಆದರೆ ಎರಡು ಬ್ಯಾಡ್ಜ್ ಗೆಲ್ಲುವ ತನಕ ಅದು ಹತ್ತನೇ ಲೆವೆಲ್ ದಾಟಿದ್ದರೆ ಮಾತು ಕೇಳುವುದಿಲ್ಲ. ಎರಡು ಗೆದ್ದರೆ 30ನೇ ಲೆವೆಲ್ ತನಕದ್ದು ಮಾತು ಕೇಳುತ್ತದೆ, ನಾಲ್ಕಕ್ಕೆ 50, ಆರಕ್ಕೆ 70. ಎಂಟೂ ಸಿಕ್ಕ ಮೇಲೆ ಪೂರ್ತಿ ವಶ. ಅಲ್ಲಿಯವರೆಗೆ ಯುದ್ಧದ ನಡುವೆ ನಿದ್ದೆ ಹೋಗುತ್ತದೆ, ತಿರುಗಿ ನಿಲ್ಲುತ್ತದೆ. ಅಪ್ಪನ ಕಾಲದ ವೀರ ತನ್ನ ಮಾತಿಗೆ ಬೆನ್ನು ತಿರುಗಿಸಿದರೆ ಒಂಬತ್ತು ವರ್ಷದ ಮಗುವಿಗೆ ಬೇಸರವಾಗದೆ ಇರುತ್ತದೆಯೇ? ಕೇಳಿದರೂ ತೊಂದರೆಯೇ, ಮೊದಲ ಜಿಮ್‌ನಲ್ಲೇ ಎಲ್ಲವನ್ನೂ ಒಂದೇಟಿಗೆ ಮಲಗಿಸುವ ಪೋಕೆಮಾನ್ ಕೈಯಲ್ಲಿದ್ದರೆ ಅವಳಿಗೆ ಆಡಲು ಏನು ಉಳಿಯಿತು?

ಆದ್ದರಿಂದ ಟೊರ್ಟೆರಾ ಗೆಳೆಯರ ಬಾಕ್ಸ್‌ನಲ್ಲೇ ಇರಲಿ, ಮಗಳು ಎಂಟು ಬ್ಯಾಡ್ಜ್ ಗೆದ್ದ ದಿನ ಬರಲಿ. ಆಟದ ಶುರುವಿಗೆ ಅವಳಿಗೆ ಕೊಡಬೇಕಾದದ್ದು ಅದರ ಮೊಟ್ಟೆ.

ಹಳೆಯ ಸೇವ್‌ನಲ್ಲಿ ಸೊಲೇಶಿಯನ್ ಟೌನ್‌ನಲ್ಲಿ ಪೋಕೆಮಾನ್‌ಗಳನ್ನು ನೋಡಿಕೊಳ್ಳುವ ಡೇ ಕೇರ್‌ಗೆ ಹೋಗಿ ಟೊರ್ಟೆರಾವನ್ನೂ, ಹೆಚ್ಚಿನ ಪೋಕೆಮಾನ್‌ಗಳಿಗೆ ಜೋಡಿಯಾಗಬಲ್ಲ ಡಿಟ್ಟೊ ಒಂದನ್ನೂ ಬಿಡಿ. ಮೊದಲ ದಿನ ಆರಿಸಿಕೊಳ್ಳುವ ಪೋಕೆಮಾನ್ ಎಂಟರಲ್ಲಿ ಏಳು ಪಾಲು ಗಂಡೇ ಆಗಿರುತ್ತದೆ. ಗಂಡಾದರೆ ಡಿಟ್ಟೊ ಇಲ್ಲದೆ ಟರ್ಟ್ವಿಗ್ ಮೊಟ್ಟೆ ಬರುವುದಿಲ್ಲ. ಸ್ವಲ್ಪ ಓಡಾಡಿ ಬಂದರೆ ಹೊರಗೆ ನಿಂತ ಮುದುಕಪ್ಪ ಕರೆದು ಮೊಟ್ಟೆ ಕೊಡುತ್ತಾನೆ. ತೆಗೆದುಕೊಂಡ ಮೇಲೆ ಹೆಚ್ಚು ನಡೆಯಬೇಡಿ. ಸುಮಾರು ಐದು ಸಾವಿರ ಹೆಜ್ಜೆಗೆ ಅದು ಒಡೆಯುತ್ತದೆ, ತಂಡದಲ್ಲಿ ಫ್ಲೇಮ್ ಬಾಡಿ ಎಂಬ ಗುಣ ಇರುವ ಪೋಕೆಮಾನ್ ಇದ್ದರೆ ಇನ್ನೂ ಬೇಗ. ಡೇ ಕೇರ್‌ನಿಂದ ಟೊರ್ಟೆರಾವನ್ನು ಹೊರಗೆ ಕರೆದುಕೊಳ್ಳಲು ಮರೆಯದಿರಿ, ಅಲ್ಲೇ ಬಿಟ್ಟು ಅಳಿಸಿದರೆ ಅದೂ ಹೋಗುತ್ತದೆ. ಆಮೇಲೆ ಟೊರ್ಟೆರಾ, ಮೊಟ್ಟೆ ಎರಡನ್ನೂ ಗೆಳೆಯರ ಆಟಕ್ಕೆ ಟ್ರೇಡ್ ಮಾಡಿ. ಮೊಟ್ಟೆಯನ್ನು ಕೂಡಲೇ ಬಾಕ್ಸ್‌ಗೆ ಹಾಕಲು ಅವರಿಗೆ ಹೇಳಿ. ಬಾಕ್ಸ್‌ನಲ್ಲಿರುವ ಮೊಟ್ಟೆ ಎಷ್ಟು ದಿನವಾದರೂ ಒಡೆಯುವುದಿಲ್ಲ. ತಂಡದಲ್ಲಿಟ್ಟು ತಿರುಗಿದರೆ ಅವರ ಕೈಯಲ್ಲಿ ಒಡೆದು ಅವರದಾಗಿಬಿಡುತ್ತದೆ. ಅವರು ಸೇವ್ ಮಾಡಿದ್ದನ್ನು ಕಣ್ಣಾರೆ ನೋಡಿಕೊಂಡು ಬನ್ನಿ.

ಆಮೇಲೆ ಮೇಲೆ, ಸೆಲೆಕ್ಟ್, ಬಿ. ಮಗಳು ಪಕ್ಕದಲ್ಲಿರಲಿ. ಎರಡನೇ ಹೌದು ಅನ್ನು ನೀವೇ ಒತ್ತಿ, ಅದು ಅವಳ ಬೆರಳಿನ ಕೆಲಸ ಆಗಬಾರದು. ಅವಳು ಹೆಸರು ಬರೆದು, ತನಗೆ ಬೇಕಾದ್ದನ್ನು ಆರಿಸಿಕೊಂಡು, ಪೋಕೆಡೆಕ್ಸ್ ಪಡೆದು, ಸೇವ್ ಆಗಿದ್ದನ್ನು ಖಚಿತ ಮಾಡಿಕೊಳ್ಳಲಿ. ಆಫ್ ಮಾಡಿ ಆನ್ ಮಾಡಿದಾಗ ಕಂಟಿನ್ಯೂ ಕಂಡರೆ ಆಯಿತು. ಕಾಣದಿದ್ದರೆ ಕಾರ್ಟ್ರಿಡ್ಜ್‌ನ ಲೋಹದ ಅಂಚನ್ನು ಐಸೊಪ್ರೊಪೈಲ್ ಆಲ್ಕೋಹಾಲ್ ಅದ್ದಿದ ಹತ್ತಿಯಿಂದ ಒರೆಸಿ, ಒಣಗಿಸಿ ಮತ್ತೆ ನೋಡಿ. ತಂಡದಲ್ಲಿ ಎರಡನೆಯದೊಂದು ಸೇರಿದ ಮೇಲೆ, ಒಂದು ಬಿಡೂಫ್ ಆದರೂ ಸಾಕು, ಗೆಳೆಯರ ಮನೆಗೆ ಹೋಗಿ ಆ ಬಿಡೂಫ್ ಕೊಟ್ಟು ಮೊಟ್ಟೆ ತರಲಿ.

ಮೊಟ್ಟೆ ಯಾರ ಕೈಯಲ್ಲಿ ಒಡೆಯುತ್ತದೋ ಅವರೇ ಅದರ ಮೊದಲ ಟ್ರೇನರ್. ಮರಿ ಒಂದನೇ ಲೆವೆಲ್ಲಿನದು, ಮಾಹಿತಿ ಪುಟದಲ್ಲಿ ಮಗಳ ಹೆಸರು, ಮಗಳ ಸಂಖ್ಯೆ. ಮೊದಲ ದಿನದಿಂದಲೇ ಅವಳ ಮಾತು ಕೇಳುತ್ತದೆ.

ಡಿಟ್ಟೊ ಇನ್ನೂ ನಿಮ್ಮ ಬಾಕ್ಸ್‌ನಲ್ಲಿ ಇಲ್ಲದಿದ್ದರೆ, ಅದನ್ನು ಹಿಡಿಯುವ ಕೆಲಸದಲ್ಲಿ ಮಗಳನ್ನೂ ಸೇರಿಸಿಕೊಳ್ಳಿ. ನಿಮ್ಮ ಹಳೆಯ ಸೇವ್ ಅನ್ನು ಅವಳು ನೋಡಲು ಅದೇ ಸಂದರ್ಭ.